ಎರವಲು ಗೊಂಬೆಗಳ ಆಟ

ಕಳೆದ ದೀಪಾವಳಿಯ ಮರುದಿನ. ಬಾಂಡಲಿ ತೊಳೆದು ಮಗುಚಿ ಹಾಕಿ, ಸೆರಗಿಗೆ ಕೈ ಒರೆಸಿಕೊಳ್ಳುತ್ತ ನಡುಮನೆಗೆ ಬಂದೆ. ಮೈಸೂರಿನಲ್ಲಿ ಓದುವ ನನ್ನ ತಂಗಿಯ ಮಗಳು ಗೋಡೆಗೆ ಒರಗಿ, ತೊಡೆಯ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತಿದ್ದಳು. ಪರದೆಯ ಮೇಲೆ ಮೈತುಂಬ ಕವಚ ತೊಟ್ಟ ಸೈನಿಕನೊಬ್ಬ ಬಂದೂಕು ಹಿಡಿದು ನಿಂತಿದ್ದ.

“ಇಷ್ಟು ದೊಡ್ಡವಳಾಗಿ ಇನ್ನೂ ವಿಡಿಯೋ ಗೇಮ್ ಆಡ್ತೀಯೇನೇ?” ಎಂದೆ. ಮೂವತ್ತು ವರ್ಷ ಮಕ್ಕಳನ್ನು ಗದರಿಸಿದ ಬಾಯಿ, ಎಲ್ಲಿ ಸುಮ್ಮನಿರುತ್ತದೆ?

“ಆಡ್ತಿಲ್ಲ ದೊಡ್ಡಮ್ಮ, ಸಿನಿಮಾ ಮಾಡ್ತಿದೀನಿ. ಗೇಮ್ ಎಂಜಿನ್‌ನಲ್ಲಿ.”

ನನಗೆ ಗೊತ್ತಿದ್ದ ಎಂಜಿನ್ನುಗಳು ಲಾರಿಯದು, ರೈಲಿನದು, ತೋಟದ ಪಂಪ್‌ಸೆಟ್ಟಿನದು. ಇದು ಯಾವ ಎಂಜಿನ್ನು ಎಂದು ಕೇಳಿದೆ. ಅವಳು ಒಂದು ಗಂಟೆ ವಿವರಿಸಿದ್ದನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಆಡುವ ಹುಡುಗ ಗುಂಡಿ ಒತ್ತಿದೊಡನೆ ಗೇಮಿನೊಳಗಿನ ಗೊಂಬೆ ಹಾರಬೇಕು, ಅದರ ನೆರಳು ನೆಲಕ್ಕೆ ಬೀಳಬೇಕು, ಗೋಡೆ ಅಡ್ಡ ಬಂದರೆ ನಿಲ್ಲಬೇಕು. ಇದನ್ನೆಲ್ಲ ಲೆಕ್ಕ ಹಾಕಿ, ಸೆಕೆಂಡಿಗೆ 30ರಿಂದ 60 ಸಲ ಹೊಸ ಚಿತ್ರ ಬರೆದು ಮುಂದಿಡುವ ಒಳಗಿನ ವ್ಯವಸ್ಥೆಗೆ ಗೇಮ್ ಎಂಜಿನ್ ಎಂದು ಹೆಸರು. ನಾವು ಚಿಕ್ಕಂದಿನಲ್ಲಿ ನೋಡಿದ ಕಾರ್ಟೂನುಗಳಲ್ಲಿ ಸೆಕೆಂಡಿಗೆ 24ರಂತೆ, ನಿಮಿಷಕ್ಕೆ 1440 ಚಿತ್ರಗಳು ಓಡುತ್ತಿದ್ದವು. ಅವನ್ನು ಕೈಯಲ್ಲಿ ಬರೆಯಬೇಕಿತ್ತು. ಕಂಪ್ಯೂಟರಿನಲ್ಲಿ ಮಾಡುವ ದೊಡ್ಡ ಚಿತ್ರಗಳಲ್ಲಿಯೂ ಒಂದೊಂದು ಬಿಂಬ ಸಿದ್ಧವಾಗಲು ಯಂತ್ರಕ್ಕೆ ಗಂಟೆಗಟ್ಟಲೆ ಹಿಡಿಯುವುದುಂಟು. ಅದು ಹಬ್ಬಕ್ಕೆ ವಾರ ಮೊದಲೇ ಚಕ್ಕುಲಿ ಕರಿದು ಡಬ್ಬಿ ತುಂಬಿದ ಹಾಗೆ. ಗೇಮ್ ಎಂಜಿನ್ನಿನದು ದೋಸೆಯ ಲೆಕ್ಕ. ಕೂತವರು ಕೇಳುತ್ತಿದ್ದಂತೆ ಕಾವಲಿಯಿಂದ ತಟ್ಟೆಗೆ.

ಆ ಗಳಿಗೆಯಲ್ಲಿಯೇ ಚಿತ್ರ ಹುಟ್ಟುವ ಆಟವನ್ನು ನಾನು ಬಹಳ ಹಿಂದೆಯೇ ನೋಡಿದ್ದೆ ಎಂದು ಆಗ ಹೊಳೆಯಿತು. ನಿಮ್ಮಲ್ಲಿಯೂ ಕೆಲವರು ನೋಡಿರಬಹುದು. ನನಗೆ ಎಂಟೋ ಒಂಬತ್ತೋ ವರ್ಷ. ಮಳೆ ಹಿಡಿದುಕೊಂಡಿದ್ದ ವರ್ಷ ಊರವರು ತೊಗಲು ಗೊಂಬೆಯವರನ್ನು ಕರೆಸಿದ್ದರು. ಆಟ ಆಡಿಸಿದರೆ ಮಳೆ ಬರುತ್ತದೆಂಬ ನಂಬಿಕೆ. ಅರಳಿಕಟ್ಟೆಯ ಹತ್ತಿರ ಕಂಬಳಿ ಸುತ್ತಿ ಗೂಡು ಕಟ್ಟಿ, ಮುಂದೆ ಬಿಳಿ ಪಂಚೆ ಬಿಗಿದು, ಹಿಂದೆ ದೀಪ ಇಟ್ಟರು. ಮೊದಲು ಬಂದದ್ದು ಕಿಳ್ಳೇಕ್ಯಾತ ಮತ್ತು ಬಂಗಾರಕ್ಕ. ಅವರ ಪೋಲಿ ಮಾತಿಗೆ ಗಂಡಸರು ಬಿದ್ದು ಬಿದ್ದು ನಗುತ್ತಿದ್ದರೆ ಹೆಂಗಸರು ಸೆರಗು ಬಾಯಿಗೆ ಅಡ್ಡ ಹಿಡಿದು ನಗುತ್ತಿದ್ದರು. ಆಮೇಲೆ ರಾಮಾಯಣ.

ಎರಡು ಸಂಗತಿ ಇಂದಿಗೂ ನೆನಪಿದೆ. ತೊಗಲಿನ ಗೊಂಬೆಗೆ ತುಟಿ ಅಲ್ಲಾಡುವುದಿಲ್ಲ. ಹಾಗಾದರೆ ಮಾತಾಡುತ್ತಿರುವವರು ರಾಮನೋ ಹನುಮಂತನೋ ಎಂದು ತಿಳಿಯುವುದು ಹೇಗೆ? ಯಾವ ಗೊಂಬೆ ಅಲುಗುತ್ತದೋ ಅದು ಮಾತಾಡುತ್ತಿದೆ. ಅಲುಗದೆ ನಿಂತದ್ದು ಕೇಳಿಸಿಕೊಳ್ಳುತ್ತಿದೆ. ಯಾರೂ ಹೇಳಿಕೊಡದಿದ್ದರೂ ಮಕ್ಕಳಿಗೆಲ್ಲ ಅದು ತಿಳಿದಿತ್ತು. ಇನ್ನೊಂದು, ನಾನು ನಿದ್ದೆ ಬಾರದೆ ಎದ್ದು ಗೂಡಿನ ಹಿಂದೆ ಹೋಗಿ ಇಣುಕಿದ್ದು. ಮಂಡೋದರಿಯ ಗೋಳನ್ನು ಹಾಡುತ್ತಿದ್ದವಳು ನಮ್ಮಮ್ಮನಂಥ ಒಬ್ಬ ಹೆಂಗಸು. ಮಡಿಲಲ್ಲಿ ಕೂಸು ಹಾಲು ಕುಡಿಯುತ್ತಿತ್ತು. ಹಾಡೂ ನಿಲ್ಲಲಿಲ್ಲ, ಕೂಸೂ ಬಿಡಲಿಲ್ಲ. ಪರದೆಯ ಮುಂದೆ ಕೂತವರಿಗೆ ಅವಳು ಇದ್ದಾಳೆಂಬುದೇ ಗೊತ್ತಿರಲಿಲ್ಲ.

ನೆರಳಿನ ಗೊಂಬೆಯಿಂದ ಸಿನಿಮಾಕ್ಕೆ ಸೇತುವೆ ಕಟ್ಟಿದವಳೂ ಒಬ್ಬ ಹೆಂಗಸೇ. ಬರ್ಲಿನ್ನಿನಲ್ಲಿ 1899ರಲ್ಲಿ ಹುಟ್ಟಿದ ಲೋಟೆ ರೈನಿಗರ್, ಕಪ್ಪು ರಟ್ಟನ್ನು ಕತ್ತರಿಯಲ್ಲಿ ಕತ್ತರಿಸಿ, ಕೈಕಾಲಿಗೆ ತಂತಿಯ ಕೀಲು ಹಾಕಿ, ಕೆಳಗಿನಿಂದ ಬೆಳಕು ಬಿಟ್ಟ ಗಾಜಿನ ಮೇಜಿನ ಮೇಲೆ ಚೂರು ಚೂರೇ ಸರಿಸಿ, ಮೂರು ವರ್ಷ ಕೂತು ‘ರಾಜಕುಮಾರ ಅಹಮದನ ಸಾಹಸಗಳು’ ಎಂಬ ಚಿತ್ರ ತೆಗೆದಳು. 1926ರ ಆ ಚಿತ್ರ ಇಂದು ನೋಡಲು ಉಳಿದಿರುವ ಪೂರ್ಣಾವಧಿಯ ಆನಿಮೇಷನ್ ಚಿತ್ರಗಳಲ್ಲಿ ಎಲ್ಲಕ್ಕಿಂತ ಹಳೆಯದು. ಡಿಸ್ನಿಯ ‘ಸ್ನೋ ವೈಟ್’ ಬಂದದ್ದು 1937ರಲ್ಲಿ. ಅದರ ಸಾವಿರಾರು ಪಾರದರ್ಶಕ ಹಾಳೆಗಳ ಮೇಲೆ ಗೆರೆ ತಿದ್ದಿ ಬಣ್ಣ ತುಂಬಿದವರು ಹೆಚ್ಚಾಗಿ ಹುಡುಗಿಯರು. ಅವರ ಹೆಸರುಗಳು ಪರದೆಯ ಮೇಲೆ ಬರಲಿಲ್ಲ. ಗೂಡಿನ ಹಿಂದೆ ಹಾಡುತ್ತಿದ್ದವಳ ಹೆಸರು ನನಗೂ ತಿಳಿಯದು.

ಇನ್ನು ಗೇಮಿನೊಳಗಿಂದ ಸಿನಿಮಾ ಹುಟ್ಟಿದ ಕಥೆ. 1996ರಲ್ಲಿ ಅಮೆರಿಕದಿಂದ ‘ಕ್ವೇಕ್’ ಎಂಬ ಗುಂಡು ಹಾರಿಸುವ ಆಟ ಬಂತು. ಆಡಿದ್ದನ್ನು ಹಾಗೆಯೇ ದಾಖಲು ಮಾಡಿಟ್ಟು ಮತ್ತೆ ನೋಡುವ ಅನುಕೂಲ ಅದರಲ್ಲಿತ್ತು. ಆ ವರ್ಷದ ಅಕ್ಟೋಬರಿನಲ್ಲಿ ಆಟಗಾರರ ಒಂದು ಗುಂಪು ಈ ಅನುಕೂಲ ಬಳಸಿ ಒಂದೂವರೆ ನಿಮಿಷದ ‘ಡೈರಿ ಆಫ್ ಎ ಕ್ಯಾಂಪರ್’ ಎಂಬ ಕಿರುಚಿತ್ರ ಮಾಡಿತು. ಮರೆಯಲ್ಲಿ ಹೊಂಚು ಹಾಕಿ ಕೂತ ಒಬ್ಬನನ್ನು ಉಳಿದವರು ಸೇರಿ ಹೊಡೆಯುವುದಷ್ಟೇ ಕಥೆ. ಮಾತುಗಳು ಅಕ್ಷರದಲ್ಲಿ ಮೂಡುತ್ತವೆ. ಹೊಸತೇನೆಂದರೆ, ಅದುವರೆಗೆ ಆಡುವವನ ಕಣ್ಣಿನಿಂದ ಮಾತ್ರ ಕಾಣುತ್ತಿದ್ದ ಆಟವನ್ನು ದೂರ ನಿಂತ ಕ್ಯಾಮೆರಾದಿಂದ ತೋರಿಸಿದ್ದು. ಸ್ವಾರಸ್ಯವೆಂದರೆ ಅವರು ಹಂಚಿದ್ದರಲ್ಲಿ ಚಿತ್ರವೇ ಇರಲಿಲ್ಲ. ಯಾವ ಗೊಂಬೆ ಯಾವಾಗ ಎಲ್ಲಿಗೆ ಹೋಗಬೇಕೆಂಬ ಸೂಚನೆಗಳಷ್ಟೇ ಇದ್ದವು. ನೋಡುವವರ ಮನೆಯ ಯಂತ್ರದಲ್ಲಿ ಆಟವಿದ್ದರೆ ಅದೇ ಗೊಂಬೆಗಳನ್ನು ಎಬ್ಬಿಸಿ ಮತ್ತೆ ಆಡಿಸುತ್ತಿತ್ತು. ಪ್ರಸಂಗ ಒಬ್ಬರದು, ಗೊಂಬೆಪೆಟ್ಟಿಗೆ ಇನ್ನೊಬ್ಬರ ಮನೆಯದು!

1996ರ ಅಕ್ಟೋಬರಿನಲ್ಲಿ ನಾನೇನು ಮಾಡುತ್ತಿದ್ದೆ ಎಂಬುದೂ ನೆನಪಿದೆ. ಬಿ.ಎಡ್. ಮುಗಿಸಿ ಕೆಲಸಕ್ಕೆ ಸೇರಿದ ಹೊಸತು. ಪೇಟೆಯಲ್ಲಿ ಒಂದು ಸಣ್ಣ ಅಂಗಡಿ ಇತ್ತು. ಟಿ.ವಿ.ಗೆ ಡಬ್ಬಿ ಸಿಕ್ಕಿಸಿ, ಅರ್ಧ ಗಂಟೆಗೆ ಇಷ್ಟು ಎಂದು ದುಡ್ಡು ತೆಗೆದುಕೊಂಡು ಹುಡುಗರಿಗೆ ವಿಡಿಯೋ ಗೇಮ್ ಆಡಲು ಬಿಡುತ್ತಿದ್ದರು. ನನ್ನ ಎಂಟನೇ ತರಗತಿಯ ಹುಡುಗನೊಬ್ಬ ಶಾಲೆ ತಪ್ಪಿಸಿ ಅಲ್ಲಿ ಕೂರುತ್ತಿದ್ದ. ಅವನ ನೋಟ್‌ಬುಕ್ಕಿನ ಅಂಚುಗಳಲ್ಲಿ ಒಂದೊಂದು ಪುಟಕ್ಕೂ ಒಂದೊಂದು ಗೊಂಬೆ ಬರೆದಿದ್ದ. ಪುಟಗಳನ್ನು ಸರಸರನೆ ಬಿಟ್ಟರೆ ಗೊಂಬೆ ಓಡಿ ಬಂದು ಹಳ್ಳ ಹಾರುತ್ತಿತ್ತು. ನಾನು ಆ ಪುಸ್ತಕ ಕಿತ್ತುಕೊಂಡು, ಅವರಪ್ಪನನ್ನು ಕರೆಸಿ, ನಿಮ್ಮ ಮಗ ಹಾಳಾಗುತ್ತಿದ್ದಾನೆ ಎಂದೆ. “ನೀವು ಹೇಳಿದ್ದು ಒಳ್ಳೇದಾಯ್ತು ಮೇಡಮ್ಮೋರೇ” ಎಂದು ಕೈ ಮುಗಿದು ಹೋದ ಆ ರೈತ, ಮಗನನ್ನು ಶಾಲೆಯಿಂದಲೇ ಬಿಡಿಸಿ ಹೊಗೆಸೊಪ್ಪಿನ ಕೆಲಸಕ್ಕೆ ಹಾಕಿದ. ನಾನು ಎರಡು ಸಲ ಮನೆಯ ಬಳಿ ಹೋಗಿ ಹೇಳಿದೆ. ಆದರೆ ಮೊದಲು ಆಡಿದ ಮಾತೇ ಅವರಿಗೆ ಹೆಚ್ಚು ನಂಬುವಂತಿತ್ತು.

ಇರಲಿ, ಕಥೆಗೆ ಬರುತ್ತೇನೆ. ಕ್ವೇಕ್ ಬಂದ ಮೇಲೆ ಇಂಥ ಚಿತ್ರ ಮಾಡುವವರು ಹೆಚ್ಚಾದರು. ಯಂತ್ರ ಮತ್ತು ಸಿನಿಮಾ ಎರಡನ್ನೂ ಬೆಸೆದು ಇದಕ್ಕೆ ‘ಮಷಿನಿಮಾ’ ಎಂದು ಹೆಸರಾಯಿತು. 2003ರ ಏಪ್ರಿಲ್ 1ರಂದು ಅಮೆರಿಕದ ಟೆಕ್ಸಸ್‌ನ ಗೆಳೆಯರು ಕೆಲವರು ‘ರೆಡ್ ವರ್ಸಸ್ ಬ್ಲೂ’ ಎಂಬ ಹಾಸ್ಯ ಧಾರಾವಾಹಿ ಆರಂಭಿಸಿದರು. ‘ಹೇಲೋ’ ಎಂಬ ಯುದ್ಧದ ಆಟದ ಸೈನಿಕರೇ ಪಾತ್ರಧಾರಿಗಳು. ಯುದ್ಧ ಮಾಡುವ ಬದಲು ಅವರು ಕಣಿವೆಯಲ್ಲಿ ನಿಂತು ‘ನಾವು ಇಲ್ಲಿ ಯಾಕಿದ್ದೇವೆ’ ಎಂದು ಹರಟುತ್ತಾರೆ. ಒಬ್ಬೊಬ್ಬ ಗೆಳೆಯ ಒಂದೊಂದು ಸೈನಿಕನನ್ನು ಆಡಿಸಿದರೆ, ಇನ್ನೊಬ್ಬನು ಆಡಿಸುವ ಸೈನಿಕನ ಕಣ್ಣೇ ಕ್ಯಾಮೆರಾ. ಸೈನಿಕರ ಮುಖ ಶಿರಸ್ತ್ರಾಣದೊಳಗೆ ಮುಚ್ಚಿಹೋಗಿದೆ, ತುಟಿ ಕಾಣುವುದಿಲ್ಲ. ಹಾಗಾಗಿ ಮಾತಾಡುವವನು ತಲೆ ಅಲ್ಲಾಡಿಸಬೇಕು, ಉಳಿದವರು ಸುಮ್ಮನೆ ನಿಲ್ಲಬೇಕು. ಇದನ್ನು ನನ್ನ ಮಗಳಂಥ ಆ ಹುಡುಗಿ ತೋರಿಸಿದಾಗ ನಾನು ನಕ್ಕುಬಿಟ್ಟೆ. ಅರಳಿಕಟ್ಟೆಯ ರಾಮನೂ ಹನುಮಂತನೂ ಮಾಡಿದ್ದು ಇದನ್ನೇ ಅಲ್ಲವೇ? ಇನ್ನೊಂದು ತೊಡಕು ಬಂದೂಕಿನದು. ಆ ಗೊಂಬೆಗಳು ಆಯುಧವನ್ನು ಸದಾ ಎದುರಿಗೆ ಹಿಡಿದೇ ಇರುತ್ತವೆ. ಪಿಸ್ತೂಲು ಹಿಡಿಸಿ ನೆಲದತ್ತ ನೋಡಿಸಿದರೆ ಕೈ ಕೆಳಗಿಳಿದು ತಲೆ ನೆಟ್ಟಗೆ ಉಳಿಯುತ್ತದೆಂಬ ಆಟದ ಒಂದು ಕುಂದನ್ನು ಕಂಡುಕೊಂಡು, ಅದರಿಂದಲೇ ಅವರು ಸೈನಿಕರನ್ನು ಸಾಧುಗಳಂತೆ ನಿಲ್ಲಿಸಿದರು. ಈ ಧಾರಾವಾಹಿ 2024ರವರೆಗೂ ನಡೆಯಿತು.

ನಗೆಗೆ ಮಾತ್ರ ಬಳಕೆಯಾಗಿದ್ದರೆ ನಾನು ಇಷ್ಟು ಬರೆಯುತ್ತಿರಲಿಲ್ಲ. 2005ರ ಅಕ್ಟೋಬರ್ 27ರಂದು ಪ್ಯಾರಿಸ್ಸಿನ ಹೊರವಲಯದಲ್ಲಿ ಪೊಲೀಸರಿಗೆ ಹೆದರಿ ವಿದ್ಯುತ್ ಕೇಂದ್ರದೊಳಗೆ ಅಡಗಿದ ಇಬ್ಬರು ಹುಡುಗರು ವಿದ್ಯುತ್ ಹರಿದು ಸತ್ತರು. ವಲಸೆ ಬಂದ ಬಡವರ ಮನೆಯ ಮಕ್ಕಳು. ಆಮೇಲೆ ವಾರಗಟ್ಟಲೆ ಗಲಭೆ. ಆ ಹೊರವಲಯದಲ್ಲಿಯೇ ಬೆಳೆದ, ಚೀನೀ ಮೂಲದ ಅಲೆಕ್ಸ್ ಚಾನ್ ಎಂಬ ಯುವಕ, ಅದುವರೆಗೆ ಸಿನಿಮಾ ಮಾಡಿದವನಲ್ಲ, ಆಗಷ್ಟೇ ಬಂದಿದ್ದ ‘ದಿ ಮೂವೀಸ್’ ಎಂಬ ಆಟ ಕೊಂಡು ತಂದು, 13 ನಿಮಿಷದ ‘ದಿ ಫ್ರೆಂಚ್ ಡೆಮಾಕ್ರಸಿ’ ಎಂಬ ಚಿತ್ರ ಮಾಡಿದ. ಮೈಬಣ್ಣ, ಹೆಸರು ನೋಡಿ ಕೆಲಸ ನಿರಾಕರಿಸುವುದು, ಬೀದಿಯಲ್ಲಿ ತಡೆದು ತಪಾಸಣೆ ಮಾಡುವುದು, ಇಂಥ ಅವಮಾನಗಳು ಸೇರಿ ಬೆಂಕಿ ಹೇಗೆ ಹತ್ತುತ್ತದೆಂದು ಅದರಲ್ಲಿ ಹೇಳಿದ. ಆಟದಲ್ಲಿ ಪ್ಯಾರಿಸ್ ಇರಲಿಲ್ಲ. ಅಮೆರಿಕದ ಬೀದಿಯನ್ನೇ ಪ್ಯಾರಿಸ್ ಎಂದುಕೊಳ್ಳಬೇಕು, ಒಂದು ಗುಡಿಸಲನ್ನು ವಿದ್ಯುತ್ ಕೇಂದ್ರ ಎಂದುಕೊಳ್ಳಬೇಕು. ಕೆಳಗೆ ಬರುವ ಇಂಗ್ಲಿಷ್ ಬರಹದಲ್ಲಿ ವ್ಯಾಕರಣದ ತಪ್ಪುಗಳಿವೆ. ಕೆಂಪು ಮಸಿಯ ಪೆನ್ನು ಹಿಡಿದೇ ಮುದುಕಿಯಾದ ನನಗೆ ಮೊದಲು ಕಂಡದ್ದು ಅದೇ. ಮುಗಿಯುವ ಹೊತ್ತಿಗೆ ತಪ್ಪುಗಳು ನೆನಪಿರಲಿಲ್ಲ.

ಗೇಮಿನ ಗೊಂಬೆಗಳ ಬಗ್ಗೆ ನನ್ನ ಮನಸ್ಸನ್ನು ಪೂರಾ ಕಲಕಿದ್ದು 2024ರ ಒಂದು ಸಾಕ್ಷ್ಯಚಿತ್ರ. ನಾರ್ವೆ ದೇಶದ ಮಾತ್ಸ್ ಸ್ಟೀನ್ ಎಂಬ ಹುಡುಗನಿಗೆ ಹುಟ್ಟಿನಿಂದಲೇ ಸ್ನಾಯುಗಳು ಸೋಲುವ ಕಾಯಿಲೆ. ಗಾಲಿಕುರ್ಚಿಯಲ್ಲಿ ಕೂತು ಹಗಲು ರಾತ್ರಿ ‘ವರ್ಲ್ಡ್ ಆಫ್ ವಾರ್‌ಕ್ರಾಫ್ಟ್’ ಆಡುತ್ತ, 2014ರಲ್ಲಿ 25ನೇ ವಯಸ್ಸಿಗೆ ತೀರಿಕೊಂಡ. ಸ್ನೇಹ, ಪ್ರೀತಿ ಯಾವುದನ್ನೂ ಕಾಣದೆ ಮಗ ಹೋದನೆಂದು ತಂದೆ ತಾಯಿ ಕೊರಗುತ್ತಿದ್ದರು. ಸಾವಿನ ಸುದ್ದಿ ತಿಳಿಸಿದ ಮೇಲೆ ಯೂರೋಪಿನ ಬೇರೆ ಬೇರೆ ಕಡೆಯಿಂದ ಪತ್ರಗಳು ಬಂದವು. ಆಟದೊಳಗೆ ಅವನಿಗೆ ಇಬೆಲಿನ್ ಎಂದು ಹೆಸರು. ಎಷ್ಟೋ ಜನಕ್ಕೆ ಅವನು ಆಪ್ತ ಗೆಳೆಯನಾಗಿದ್ದ. ಆಟದಲ್ಲಿ ಅವರು ಬರೆದುಕೊಂಡ ಮಾತುಕತೆಗಳು ಉಳಿದಿದ್ದವು. ನಿರ್ದೇಶಕ ಬೆಂಜಮಿನ್ ರೀ ಅವನ್ನು ಇಟ್ಟುಕೊಂಡು, ಆ ಆಟದ ಗೊಂಬೆಗಳಿಂದಲೇ ಹುಡುಗನ ಬದುಕನ್ನು ಮತ್ತೆ ಆಡಿಸಿ ತೋರಿಸಿದ. ನೋಡುತ್ತ ನನಗೆ ಆ ಎಂಟನೇ ತರಗತಿಯ ಹುಡುಗ ನೆನಪಾದ. ಅವನು ಆ ಅಂಗಡಿಯಲ್ಲಿ ಏನು ನೋಡುತ್ತಿದ್ದ ಎಂದು ನಾನು ಒಂದು ಸಲವೂ ಕೇಳಿರಲಿಲ್ಲ.

ಆದರೆ ಎರವಲು ಗೊಂಬೆಗೆ ಒಡೆಯರಿರುತ್ತಾರೆ. ಆಟ ತಯಾರಿಸಿದ ಕಂಪನಿ ಬೇಡ ಎಂದರೆ ಸಿನಿಮಾ ನಿಲ್ಲಬೇಕಾದೀತು. ಹೇಲೋ ಆಟದ ಒಡೆಯರಾದ ಮೈಕ್ರೋಸಾಫ್ಟ್‌ನವರು, ಲಾಭಕ್ಕಲ್ಲದೆ ಮಾಡುವುದಾದರೆ ಮಾಡಿಕೊಳ್ಳಿ ಎಂದು ನಿಯಮ ಬರೆದು ಪ್ರಕಟಿಸಿದ್ದು 2007ರಲ್ಲಿ. ಬರಬರುತ್ತ ಬಾಗಿಲು ಅಗಲವಾಯಿತು. ಆಟವನ್ನು ಬಿಟ್ಟು ಎಂಜಿನ್ನನ್ನೇ ಹೊರಗೆ ಕೊಡಲು ಶುರುಮಾಡಿದರು. ‘ಅನ್‌ರಿಯಲ್’ ಎಂಬ ಎಂಜಿನ್ನನ್ನು 2015ರಿಂದ ಯಾರಾದರೂ ಮೊದಲಿಗೆ ಹಣ ಕಟ್ಟದೆ ಇಳಿಸಿಕೊಳ್ಳಬಹುದು. ‘ಬ್ಲೆಂಡರ್’ ಎಂಬುದು ಗೇಮ್ ಎಂಜಿನ್ ಅಲ್ಲ, ಗೊಂಬೆ ಮಾಡಿ ಆಡಿಸುವ ಸಲಕರಣೆ. 2002ರಲ್ಲಿ ಬಳಕೆದಾರರು ಏಳು ವಾರದಲ್ಲಿ 1 ಲಕ್ಷ ಯೂರೋ ಚಂದಾ ಎತ್ತಿ ಅದನ್ನು ಎಲ್ಲರ ಸ್ವತ್ತಾಗಿಸಿದರು. ಗೇಮ್ ಎಂಜಿನ್ನಿನಂತೆಯೇ ಥಟ್ಟನೆ ಚಿತ್ರ ಬರೆಯುವ ಅನುಕೂಲ ಈಗ ಅದರಲ್ಲೂ ಇದೆ. ಲಾಟ್ವಿಯಾ ಎಂಬ ಪುಟ್ಟ ದೇಶದ ಗಿಂಟ್ಸ್ ಜಿಲ್ಬಲೋಡಿಸ್ ಅದರಲ್ಲಿಯೇ ‘ಫ್ಲೋ’ ಮಾಡಿದ. ನೆರೆಯಲ್ಲಿ ಸಿಕ್ಕಿದ ಬೆಕ್ಕಿನ ಕಥೆ, ಒಂದೇ ಒಂದು ಮಾತಿಲ್ಲ. 2025ರಲ್ಲಿ ಅದಕ್ಕೆ ಆಸ್ಕರ್ ಬಂತು.

ನಮ್ಮ ಕಡೆಗೆ ಬರೋಣ. ನಾವೆಲ್ಲ ಅತ್ತುಕೊಂಡೇ ಕಲಿತ ಗೋವಿನ ಹಾಡಿನ ಕಥೆಯನ್ನು ಬೆಂಗಳೂರಿನ ರವಿಶಂಕರ್ ಅವರು ‘ಪುಣ್ಯಕೋಟಿ’ ಎಂದು ಸಂಸ್ಕೃತದ ಆನಿಮೇಷನ್ ಚಿತ್ರವಾಗಿಸಿದರು. ಜನರಿಂದಲೇ ಹಣ ಕೂಡಿಸಿ, ವರ್ಷಗಟ್ಟಲೆ ದುಡಿದು ಮಾಡಿದ ಆ ಚಿತ್ರ 2020ರಲ್ಲಿ ಬಂತು. ಆನಿಮೇಷನ್ ಮತ್ತು ಗೇಮ್ ಉದ್ಯಮಕ್ಕೆಂದೇ ನೀತಿ ರೂಪಿಸಿದ ಮೊದಲ ರಾಜ್ಯವೂ ನಮ್ಮದೇ, 2012ರಲ್ಲಿ. ಇನ್ನೊಂದು ಕಡೆ, ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂದಾಗ ಅವರ ವಯಸ್ಸು 96. ಬಾಳಿಡೀ ತೊಗಲು ಗೊಂಬೆ ಆಡಿಸಿದವರು, ದೇಶ ದೇಶಗಳಿಗೆ ಹೋಗಿ ರಾಮಾಯಣ ಮಹಾಭಾರತ ತೋರಿಸಿ ಬಂದವರು. ಪತ್ರಿಕೆಯಲ್ಲಿ ಅವರ ಭಾವಚಿತ್ರ ನೋಡಿದಾಗ, ಗೂಡಿನ ಹಿಂದಿನ ಒಬ್ಬಳಾದರೂ ಪರದೆಯ ಮುಂದೆ ಬಂದಳಲ್ಲ ಎನ್ನಿಸಿತು.

ಇಷ್ಟೆಲ್ಲ ಕೇಳಿದ ಮೇಲೆ ನನಗೂ ಹುರುಪು ಬಂತು. “ಹಾಗಾದರೆ ನಮ್ಮ ಪಿರಿಯಾಪಟ್ಟಣದ ಕಾಳಗ ಮಾಡೇ. ಮೈಸೂರಿನ ಕಂಠೀರವ ನರಸರಾಜ ಒಡೆಯರು ಚಂಗಾಳ್ವರ ಕೋಟೆ ಗೆದ್ದದ್ದು, ಜನ ಅದನ್ನು ಹಾಡು ಕಟ್ಟಿ ಹಾಡಿದ್ದು, ಎಲ್ಲಾ ಇದೆ” ಎಂದೆ.

“ಕೋಟೆ ಬೇಕಾದಷ್ಟು ಸಿಗುತ್ತೆ ದೊಡ್ಡಮ್ಮ, ಸೈನಿಕರೂ ಸಿಗ್ತಾರೆ, ಕುದುರೆ ಕತ್ತಿ ಎಲ್ಲಾ ರೆಡಿ ಇದೆ. ಆದರೆ ನನಗೆ ಬೇಕಾಗಿರೋದು ಅಜ್ಜಿ” ಎಂದಳು.

ಅವಳ ಅಜ್ಜಿ, ಎಂದರೆ ನಮ್ಮಮ್ಮ. ಬ್ಯಾರನ್ನಿನ ಮುಂದೆ ಕೂತು ನಡುರಾತ್ರಿಯವರೆಗೆ ಕಡ್ಡಿಗೆ ಹೊಗೆಸೊಪ್ಪು ಕಟ್ಟುತ್ತ, ಒಲೆಯ ಉರಿಯಲ್ಲಿ ಗೋಡೆಗೆ ಬೀಳುವ ತನ್ನದೇ ನೆರಳನ್ನು ತೋರಿಸಿ ಮೊಮ್ಮಕ್ಕಳಿಗೆ ಕಥೆ ಹೇಳುತ್ತಿದ್ದವಳು. ಈ ತಾಲ್ಲೂಕಿನಲ್ಲಿ ಅಂಥ ಸಾವಿರಾರು ಹೆಂಗಸರು ಸೊಪ್ಪು ಕಟ್ಟಿದ್ದಾರೆ, ಕಟ್ಟುತ್ತಿದ್ದಾರೆ. ಆ ನಾಲ್ಕು ನಿಮಿಷದ ಚಿತ್ರಕ್ಕೆ ಸಿದ್ಧ ಗೊಂಬೆಗಳ ಉಗ್ರಾಣದಲ್ಲಿ ಅವಳು ಎಷ್ಟು ಹುಡುಕಿದರೂ, ಸಿಕ್ಕಿದ ಮುದುಕಿ ಎಂದರೆ ಕೊಕ್ಕೆ ಮೂಗಿನ ಮಾಟಗಾತಿ. ಹೆಂಗಸರು ಎಂದರೆ ಬಂದೂಕು ಹಿಡಿದವರು, ಬಿಗಿ ಉಡುಪಿನವರು. ಸೀರೆ ಉಟ್ಟವಳು ಒಬ್ಬಳೂ ಇಲ್ಲ. ಸೀರೆಯ ಒಂದೊಂದು ನಿರಿಗೆ ಎತ್ತ ಮಡಚುತ್ತದೆಂದು ಯಂತ್ರ ಲೆಕ್ಕ ಹಾಕಬೇಕಂತೆ. ಸೆರಗು ಸೊಂಟಕ್ಕೆ ಸಿಕ್ಕಿಸಿ ಕುಕ್ಕರಗಾಲಲ್ಲಿ ಕೂರಿಸುವುದಂತೂ ದೊಡ್ಡ ರಗಳೆ. ಅವಳು ಸೀರೆಗೇ ಮೂರು ವಾರ ಕಳೆದಳು. ನಡಿಗೆಗೆ ನನ್ನನ್ನು ಹಿಡಿದಳು. ಮಂಡಿನೋವಿನ ನನ್ನ ನಡಿಗೆ ಅಮ್ಮನದರ ಹಾಗೇ ಇದೆಯಂತೆ. ಅಂಗಳದಲ್ಲಿ ಹತ್ತು ಸಲ ಅತ್ತಿಂದಿತ್ತ ನಡೆಸಿ ಮೊಬೈಲಿನಲ್ಲಿ ತೆಗೆದುಕೊಂಡಳು.

ಕೋಟೆ ಗೆದ್ದವರ ಗೊಂಬೆ ಎಲ್ಲೆಲ್ಲೂ ಸಿಗುತ್ತದೆ, ಸೊಪ್ಪು ಕಟ್ಟಿದವಳದು ಸಿಗುವುದಿಲ್ಲ. ನಾನು ಪಾಠ ಮಾಡುವ ಚರಿತ್ರೆಯ ಪುಸ್ತಕದಲ್ಲಿಯೂ ಹಾಗೇ ತಾನೆ? ಅಲೆಕ್ಸ್ ಚಾನ್ ಅಮೆರಿಕದ ಬೀದಿಯನ್ನೇ ಪ್ಯಾರಿಸ್ ಎಂದು ಒಪ್ಪಿಸಿದ. ನಮ್ಮಮ್ಮನನ್ನು ಮಾಟಗಾತಿಯಲ್ಲಿ ಒಪ್ಪಿಸಲಾದೀತೇ? ಇಲ್ಲದ ಗೊಂಬೆಯನ್ನು ತೊಗಲು ಹದ ಮಾಡಿ ಕೊರೆಯುವ ಹಾಗೆ ನಾವೇ ಕೊರೆದುಕೊಳ್ಳಬೇಕು.

ಚಿತ್ರ ಅರ್ಧ ಆದಾಗ ನನಗೊಂದು ಯೋಚನೆ ಬಂತು. ಆ ಹಳೆಯ ಹುಡುಗ ಈಗ ನಲವತ್ತು ದಾಟಿದ ಗೃಹಸ್ಥ. ಸ್ವಂತ ಬ್ಯಾರನ್ ಇದೆ. ಅವನ ಮಗಳು ನನ್ನ ತರಗತಿಯಲ್ಲಿಯೇ ಓದುತ್ತಿದ್ದಾಳೆ. ಎದುರಾದಾಗಲೆಲ್ಲ ಗಾಡಿ ನಿಲ್ಲಿಸಿ ನಮಸ್ಕಾರ ಹೇಳುತ್ತಾನೆ. ನನಗೇ ಮುಖ ಕೊಟ್ಟು ಮಾತಾಡಲು ಆಗುತ್ತಿರಲಿಲ್ಲ. ಒಂದು ಭಾನುವಾರ ಮನೆಗೆ ಬರಹೇಳಿದೆ. ಕಾಫಿ ಕೊಟ್ಟು, ಹೇಳಬೇಕೆಂದಿದ್ದ ಮಾತಿಗೆ ಬಾಯಿ ತೆರೆಯುವಷ್ಟರಲ್ಲಿ ಹುಡುಗಿ ಲ್ಯಾಪ್‌ಟಾಪ್ ತಂದು ಅವನ ಮುಂದಿಟ್ಟಳು.

ಅವನು ಲೋಟ ಕೆಳಗಿಟ್ಟು ನೋಡಿದ. ಎರಡು ಸಲ ನೋಡಿದ.

“ಮೇಡಂ, ಸೊಪ್ಪು ಹೀಗೆ ಕಟ್ಟಲ್ಲ” ಎಂದ. “ಎರಡು ಮೂರು ಎಲೆ ಜೊತೆ ಮಾಡಿ, ಒಂದು ಸಲ ಈ ಕಡೆ, ಒಂದು ಸಲ ಆ ಕಡೆ ಬರಬೇಕು. ಎಲ್ಲಾ ಒಂದೇ ಕಡೆ ಹಾಕಿದರೆ ಕಡ್ಡಿ ತಿರುಗಿಬಿಡುತ್ತೆ.”

ಅವನು ನನ್ನ ಮೇಜಿನ ಮೇಲಿದ್ದ ಅಡಿಕೋಲು ತೆಗೆದುಕೊಂಡು, ಸೊಪ್ಪಿಲ್ಲದೆ ಬರಿಗೈಯಲ್ಲಿ ಕಟ್ಟಿ ತೋರಿಸತೊಡಗಿದ. ಹುಡುಗಿ ಮೊಬೈಲು ಎತ್ತಿ ಹಿಡಿದಳು. “ಸ್ವಲ್ಪ ನಿಧಾನ ಅಣ್ಣಾ, ಬೆರಳು ಕಾಣಬೇಕು” ಎಂದಳು. ಅವನು ನಿಧಾನ ಮಾಡಿದ. ಕಾಫಿ ಆರಿತ್ತು. ನಾನು ಲೋಟ ಎತ್ತಿಕೊಂಡು ಮತ್ತೆ ಬಿಸಿ ಮಾಡಲು ಒಳಗೆ ಹೋದೆ.